ನಾಲೆಗೆ ನೀರು ಬಿಟ್ಟ ದಿನಗಳ ಲೆಕ್ಕ

ಫೈನಲ್ ಬಿಲ್‌ನಲ್ಲಿ 8,40,000 ರೂಪಾಯಿ ಕಟ್ ಆಗಿತ್ತು. ಕಾರಣ ಅಂತ ಬರೆದಿದ್ದು ಎರಡೇ ಅಕ್ಷರ: ಎಲ್‌ಡಿ. ತಡವಾದರೆ ಹಾಕುವ ದಂಡವನ್ನು ನಮ್ಮ ಕಂಟ್ರಾಕ್ಟ್ ಲೈನಿನಲ್ಲಿ ಹಾಗೇ ಕರೆಯುತ್ತೇವೆ. 84 ಲಕ್ಷದ ಕೆಲಸ. ಕರಾರಿನ ಪ್ರಕಾರ ದಿನಕ್ಕೆ 8,400 ದಂಡ, ಒಟ್ಟು ಶೇ. 10 ಮೀರುವಂತಿಲ್ಲ. ನಾನು 213 ದಿನ ತಡ ಮಾಡಿದ್ದೆ, ಪೂರ್ತಿ ಶೇ. 10 ಹಿಡಿದಿದ್ದರು.

ಕೆಲಸ ಮಲೇಬೆನ್ನೂರು ಕಡೆ, ಭದ್ರಾ ನಾಲೆಯ ಮೇಲೊಂದು ಸಣ್ಣ ಸೇತುವೆ. ಈ ಕಡೆಯವರಿಗೆ ಗೊತ್ತು, ನಾಲೆಯೊಳಗೆ ಇಳಿದು ಕೆಲಸ ಮಾಡಲು ವರ್ಷಕ್ಕೆ ಎರಡೇ ಅವಕಾಶ. ಮಳೆಗಾಲದ ಬೆಳೆ ಮುಗಿದು ಬೇಸಿಗೆ ಭತ್ತಕ್ಕೆ ನೀರು ಬಿಡುವ ಮೊದಲು ಒಂದಿಷ್ಟು ದಿನ, ಆಮೇಲೆ ಬೇಸಿಗೆ ಬೆಳೆ ಮುಗಿದ ಮೇಲೆ. ಮೊದಲ ಡಿಸೆಂಬರ್‌ನಲ್ಲಿ ಪಾಯ ತೆಗೆದರೆ ಅಡ್ಡಲಾಗಿ ಕುಡಿಯುವ ನೀರಿನ ಪೈಪ್ ಸಿಕ್ಕಿತು. ಡ್ರಾಯಿಂಗ್‌ನಲ್ಲಿ ಅದು ಇರಲೇ ಇಲ್ಲ. ಅದನ್ನು ಪಕ್ಕಕ್ಕೆ ಹಾಕುವಷ್ಟರಲ್ಲಿ ನಾಲೆಗೆ ನೀರು ಬಂತು. ಪಾಯ ಹಾಕಿದ್ದು ಮೇ ಕೊನೆಗೆ. ಮೇಲಿನ ಕಾಂಕ್ರೀಟಿಗೆ ಆಧಾರವಾಗುವ ಸೆಂಟ್ರಿಂಗ್ ನಿಲ್ಲಿಸಲು ಮತ್ತೆ ಡಿಸೆಂಬರ್‌ವರೆಗೆ ಕಾಯಬೇಕಾಯಿತು.

ಪೈಪ್ ಸಿಕ್ಕ ದಿನವೇ ಪತ್ರ ಕೊಡುತ್ತೇನೆ ಅಂದಿದ್ದೆ. "ಲೆಟರ್ ಎಲ್ಲಾ ಯಾಕ್ ಬಿಡ್ರಿ, ನಾವಿದೀವಲ್ಲ" ಅಂದರು ಸೈಟ್ ಎಂಜಿನಿಯರ್. ಒಳ್ಳೆಯ ಮನುಷ್ಯ. ಬಿಲ್ ಬರುವ ಹೊತ್ತಿಗೆ ಅವರಿಗೆ ವರ್ಗ ಆಗಿತ್ತು.

ಇನ್ನೊಂದು ಪೆದ್ದತನವೂ ಇದೆ. ಇಓಟಿ, ಅಂದರೆ ಅವಧಿ ವಿಸ್ತರಣೆ, ಸಿಕ್ಕಿದರೆ ದಂಡ ಇಲ್ಲ ಅಂದುಕೊಂಡಿದ್ದೆ. ವಿಸ್ತರಣೆ ಕೊಟ್ಟ ಪತ್ರದ ಕೊನೆಯಲ್ಲಿ "ದಂಡ ವಿಧಿಸುವ ಹಕ್ಕನ್ನು ಕಾಯ್ದಿರಿಸಿದೆ" ಅಂತ ಒಂದು ಸಾಲು ಇತ್ತು. 1872ರ ಕರಾರು ಕಾಯ್ದೆಯ 55ನೇ ಕಲಂ ಇರುವುದರಿಂದಲೇ ಆ ಸಾಲು ಹಾಕುತ್ತಾರೆ. ತಡವಾದ ಕೆಲಸವನ್ನು ಒಪ್ಪಿಕೊಳ್ಳುವಾಗ ಪರಿಹಾರ ಕೇಳುತ್ತೇವೆ ಅಂತ ತಿಳಿಸದಿದ್ದರೆ ಆಮೇಲೆ ಕೇಳಲು ಬರುವುದಿಲ್ಲ. ನಾನು ಓದದೆ ಫೈಲಿಗೆ ಹಾಕಿದ್ದೆ.

ದಾವಣಗೆರೆಯ ವಕೀಲರೊಬ್ಬರ ಹತ್ತಿರ ಹೋದೆ. ಅವರು ತೆಗೆದದ್ದು ನಮ್ಮ ಪಕ್ಕದ ತೀರ್ಥಹಳ್ಳಿಯ ಅಕ್ಕಿ ಗಿರಣಿಯೊಂದರ ಕೇಸು, 1987ರ ಸುಪ್ರೀಂ ಕೋರ್ಟ್ ತೀರ್ಪು. ಕರಾರು ಮುರಿದದ್ದು ಯಾರು ಅನ್ನುವುದರಲ್ಲೇ ಜಗಳ ಇದ್ದರೆ, ಒಂದು ಕಡೆಯ ಪಕ್ಷವಾದ ಸರ್ಕಾರವೇ ಅದನ್ನು ತೀರ್ಮಾನಿಸುವಂತಿಲ್ಲ ಅಂತ ಅದರಲ್ಲಿದೆ. ಅದೇ ಕರಾರು ಕಾಯ್ದೆಯ 74ನೇ ಕಲಂ ಬಗ್ಗೆ ಸುಪ್ರೀಂ ಕೋರ್ಟಿನ 2015ರ ಕೈಲಾಶ್ ನಾಥ್ ತೀರ್ಪನ್ನೂ ತೋರಿಸಿದರು. ಕರಾರಿನಲ್ಲಿ ಬರೆದ ದಂಡದ ಮೊತ್ತ ಮೇಲಿನ ಮಿತಿ ಮಾತ್ರ, ನಷ್ಟ ತೋರಿಸಲು ಸಾಧ್ಯವಿದ್ದರೆ ತೋರಿಸಬೇಕು. ಆದರೆ ಟೋಲ್ ಇಲ್ಲದ ಊರ ಸೇತುವೆ ತಡವಾದರೆ ನಷ್ಟ ಎಷ್ಟು ಅಂತ ಲೆಕ್ಕ ಹಾಕುವುದು ಹೇಗೆ? ಅಂಥ ಕಡೆ ಬರೆದ ಮೊತ್ತವೇ ನಿಲ್ಲುವ ಸಾಧ್ಯತೆ ಜಾಸ್ತಿ. ಹಾಗಾಗಿ ನಷ್ಟದ ವಾದ ಬಿಟ್ಟು, ತಡ ಯಾರದ್ದು ಅನ್ನುವುದನ್ನೇ ಹಿಡಿದೆ.

ಹತ್ತು ರೂಪಾಯಿ ಕಟ್ಟಿ ಆರ್‌ಟಿಐ ಹಾಕಿದೆ. ಆ ನಾಲೆಗೆ ನೀರು ಬಿಟ್ಟ, ನಿಲ್ಲಿಸಿದ ತಾರೀಖು ಮಾತ್ರ ಕೇಳಿದೆ. ಬೇರೆ ಏನನ್ನೂ ಕೇಳಲಿಲ್ಲ, ಜಾಸ್ತಿ ಕೇಳಿದರೆ ಉತ್ತರವೂ ಸುತ್ತುತ್ತದೆ. ಸಿಕ್ಕ ತಾರೀಖುಗಳ ಪಕ್ಕದಲ್ಲಿ ಪೈಪಿನ ಫೋಟೊ, ಎಂಜಿನಿಯರ್‌ಗೆ ಕಳಿಸಿದ್ದ ವಾಟ್ಸಾಪ್ ಮೆಸೇಜು, ಎಂಬಿ ಬುಕ್ಕಿನಲ್ಲಿ, ಅಂದರೆ ಕೆಲಸದ ಅಳತೆ ಬರೆಯುವ ಪುಸ್ತಕದಲ್ಲಿ, ಪಾಯ ಅಳೆದ ದಿನ, ಇಷ್ಟನ್ನೂ ಒಂದೇ ಹಾಳೆಯಲ್ಲಿ ಕೂರಿಸಿದೆ. 168 ದಿನ ನನ್ನ ಕೈಯಲ್ಲಿರಲಿಲ್ಲ ಅಂತ ಬಂತು. ಉಳಿದ 45 ದಿನ ನನ್ನದೇ ತಪ್ಪು. ಅಪ್ರೋಚ್ ರಸ್ತೆಗೆ ಮಣ್ಣು ಹೊಡೆಯಬೇಕಾದ ಟಿಪ್ಪರ್‌ಗಳನ್ನು ಬೇರೆ ಕೆಲಸಕ್ಕೆ ಕಳಿಸಿದ್ದೆ. ಅದನ್ನೂ ಹಾಳೆಯಲ್ಲಿ ಬರೆದೆ. ವಕೀಲರು ಬೇಡ ಅಂದರು. ಆದರೆ ಆ ಸಾಲು ಓದಿದ ಮೇಲೇ ಇಲಾಖೆಯ ಸಾಹೇಬರು ಉಳಿದದ್ದನ್ನು ಗಮನ ಕೊಟ್ಟು ನೋಡಿದರು ಅಂತ ನನಗೆ ಈಗಲೂ ಅನಿಸುತ್ತದೆ.

ಏಳು ತಿಂಗಳು ಓಡಾಡಿದ ಮೇಲೆ 4,62,000 ವಾಪಸ್ ಬಂತು. 3,78,000 ಹೋಯಿತು. ಆ ಟಿಪ್ಪರ್‌ಗಳು ಬೇರೆ ಕಡೆ ದುಡಿದು ತಂದದ್ದು ಅದರ ಅರ್ಧವೂ ಇಲ್ಲ.