ವೈದ್ಯರು ಬರೆದಷ್ಟೇ ಸೊಂಟನೋವು

ಮಂಗಳೂರಿನಲ್ಲಿ ನಾನು ಕೆಲಸ ಮಾಡುವ ಮೆಡಿಕಲ್ ಕೋಡಿಂಗ್ ಕಚೇರಿಯಲ್ಲಿ ನನ್ನಂತೆಯೇ ಫಿಸಿಯೋಥೆರಪಿ ಓದಿ ಬಂದವರು ಹಲವರಿದ್ದಾರೆ. ಅಮೆರಿಕದ ಹೊರರೋಗಿಗಳ ಚಾರ್ಟ್ (ಚಿಕಿತ್ಸೆಯ ದಾಖಲೆ) ಓದಿ, ಅಲ್ಲಿನ ಐಸಿಡಿ-10-ಸಿಎಂ ಪಟ್ಟಿಯಿಂದ ರೋಗನಿರ್ಣಯದ ಕೋಡ್ ಆರಿಸಿ ವಿಮಾ ಕ್ಲೇಮ್‌ಗೆ ಒದಗಿಸುವುದು ನಮ್ಮ ಕೆಲಸ. ಬೆನ್ನುಹುರಿ, ಡಿಸ್ಕ್, ನರಮೂಲ ಎಂದರೇನೆಂದು ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೆ ಇಂಥದೇ ಕಾರಣವೆಂದು ಗುರುತಿಸಲಾಗದ ಸೊಂಟನೋವಿನ ಚಾರ್ಟ್ ಬಂದಾಗ ಈ ಓದೇ ತೊಡಕಾಗುವುದುಂಟು. ವೈದ್ಯರು ಹೇಳದೆ ಬಿಟ್ಟದ್ದನ್ನು ನಾವೇ ಹೇಳಿಬಿಡೋಣ ಅನ್ನಿಸುತ್ತದೆ.

ಚಾರ್ಟ್ ತೆರೆದ ಕೂಡಲೇ ನಾನು ನೋಡುವುದು ಭೇಟಿಯ ದಿನಾಂಕವನ್ನು. 2021ರ ಸೆಪ್ಟೆಂಬರ್ 30ರವರೆಗಿನ ಭೇಟಿಗಾದರೆ ಸೊಂಟನೋವಿಗೆ ಎಂ54.5 ಎಂಬ ಒಂದೇ ಕೋಡ್ ಇತ್ತು. ಮರುದಿನದಿಂದ ಅದು ಮೂರಾಯಿತು: ವಿವರವಿಲ್ಲದ ಸೊಂಟನೋವಿಗೆ ಎಂ54.50, ಕಶೇರುಕವು ಡಿಸ್ಕಿಗೆ ತಾಗುವ ಮೇಲ್ಮೈಯಾದ ಎಂಡ್‌ಪ್ಲೇಟ್‌ನಿಂದ ಹುಟ್ಟುವ ವರ್ಟೆಬ್ರೊಜೆನಿಕ್ ನೋವಿಗೆ ಎಂ54.51, ವೈದ್ಯರು ಬಗೆಯನ್ನು ಹೇಳಿದ್ದರೂ ಅದಕ್ಕೆ ಪ್ರತ್ಯೇಕ ಸ್ಥಾನವಿಲ್ಲದಿದ್ದರೆ ಎಂ54.59. ಆಮೇಲಿನ ಭೇಟಿಗೆ ಬರೀ ಎಂ54.5 ಹಾಕಿದರೆ ಕ್ಲೇಮ್ ವಾಪಸು ಬರುತ್ತದೆ. ಇದು ಅಮೆರಿಕದ ಪಟ್ಟಿಯ ಮಾತು ಮಾತ್ರ. ಉಡುಪಿಯ ಆಸ್ಪತ್ರೆಯೊಂದರ ದಾಖಲೆ ವಿಭಾಗದಲ್ಲಿರುವ ನನ್ನ ಗೆಳತಿ ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10 ಬಳಸುವುದರಿಂದ ಅವಳಿಗೆ ಎಂ54.5 ಹಾಗೆಯೇ ಉಳಿದಿದೆ. 2022ರ ಜನವರಿಯಲ್ಲಿ ಜಾರಿಗೆ ಬಂದ ಐಸಿಡಿ-11 ಸೊಂಟನೋವನ್ನು ಎಂಇ84.2 ಎಂದು ರೋಗಲಕ್ಷಣಗಳ ಅಧ್ಯಾಯದಲ್ಲಿ ಇರಿಸಿದೆ. ಅದಕ್ಕೆ ಸಲ್ಲುವ ಜಾಗ ಅದೇ ಎಂಬುದು ನನ್ನ ಅಭಿಪ್ರಾಯ.

ದಿನಾಂಕದ ಬಳಿಕ ನೇರವಾಗಿ ವೈದ್ಯರು ತಮ್ಮ ನಿರ್ಣಯ ಬರೆಯುವ ಅಸೆಸ್‌ಮೆಂಟ್ ಭಾಗಕ್ಕೆ ಹೋಗುತ್ತೇನೆ. ರೋಗಿ ಹೇಳಿಕೊಂಡದ್ದು, ತಪಾಸಣೆಯಲ್ಲಿ ಕಂಡದ್ದು, ಸ್ಕ್ಯಾನ್ ವರದಿ ಎಲ್ಲವೂ ಮುಖ್ಯವೇ ಆದರೂ ಕೋಡ್ ಹುಟ್ಟುವುದು ಚಿಕಿತ್ಸೆ ನೀಡಿದ ವೈದ್ಯರು ನಿರ್ಣಯವೆಂದು ಬರೆದ ಮಾತಿನಿಂದ. ತರಬೇತಿಗೆ ಬಂದ ಹುಡುಗನೊಬ್ಬ ಒಮ್ಮೆ ನನ್ನ ಪರದೆ ನೋಡಿ, "ಎಂಆರ್‌ಐಯಲ್ಲಿ ಡಿಸ್ಕ್ ಬಲ್ಜ್ ಅಂತ ಉಂಟಲ್ಲ ಮೇಡಂ, ಮತ್ತೆ ಯಾಕೆ ಎಂ51 ಹಾಕ್ಲಿಕ್ಕಿಲ್ಲ?" ಎಂದು ಕೇಳಿದ. ಎಂ51 ಎಂದರೆ ಡಿಸ್ಕ್ ತೊಂದರೆಗಳ ಕೋಡ್ ಗುಂಪು. ನೋವೇ ಇಲ್ಲದ ಎಷ್ಟೋ ಜನರ ಎಂಆರ್‌ಐಯಲ್ಲೂ ಡಿಸ್ಕ್ ಉಬ್ಬಿರುತ್ತದೆ. ಈ ರೋಗಿಯ ನೋವಿಗೆ ಅದೇ ಕಾರಣವೆಂದು ತೀರ್ಮಾನಿಸಬೇಕಾದವರು ರೋಗಿಯನ್ನು ಪರೀಕ್ಷಿಸಿದ ವೈದ್ಯರೇ ಹೊರತು ನಾನಲ್ಲ ಎಂದು ಅವನಿಗೆ ವಿವರಿಸಿದೆ. ಸ್ಕ್ಯಾನ್ ತೆಗೆದ ವಿಭಾಗದ ಕ್ಲೇಮ್ ಆಗಿದ್ದರೆ ಲೆಕ್ಕ ಬೇರೆ. ರೇಡಿಯಾಲಜಿಸ್ಟ್ ಅಂತಿಮ ವರದಿಯಲ್ಲಿ ಖಚಿತವಾಗಿ ಬರೆದದ್ದನ್ನು ಅಲ್ಲಿ ಕೋಡ್ ಮಾಡಬಹುದು. "ಇರಬಹುದು", "ಶಂಕೆಯಿದೆ" ಎಂಬ ಧಾಟಿಯಲ್ಲಿ ಬರೆದ ರೋಗವನ್ನು ಹೊರರೋಗಿ ವಿಭಾಗದಲ್ಲಿ ಕೋಡ್ ಮಾಡುವಂತಿಲ್ಲ. ಆಗ ಲಕ್ಷಣಕ್ಕೇ ನಿಲ್ಲಬೇಕು.

ಎಂ54.5ರ ಕೆಳಗೆ ಜೊತೆಗೂಡಿಸಬಾರದ ಕೋಡ್‌ಗಳ ಟಿಪ್ಪಣಿಯೊಂದಿದೆ. ಅದನ್ನು ಓದದೆ ನಾನು ಮುಂದೆ ಹೋಗುವುದಿಲ್ಲ. ಭಾರ ಎತ್ತುವಾಗ ಸೊಂಟದ ಸ್ನಾಯು ಉಳುಕಿದೆಯೆಂದು ವೈದ್ಯರು ಬರೆದಿದ್ದರೆ ಕೋಡ್ ಎಸ್39.012, ಕೊನೆಯಲ್ಲಿ ಸಕ್ರಿಯ ಚಿಕಿತ್ಸೆಗೆ ಎ, ಗುಣವಾಗುವ ಹಂತದ ಆರೈಕೆಗೆ ಡಿ. ಅದರ ಪಕ್ಕದಲ್ಲಿ ಎಂ54.50 ಬರಬಾರದು. ಡಿಸ್ಕ್ ಜಾರಿದ್ದರಿಂದ ಬಂದ ನೋವಿಗೆ ಎಂ51.2ರ ಗುಂಪು, ಸಯಾಟಿಕಾ (ಕಾಲಿಗಿಳಿಯುವ ನರದ ನೋವು) ಕೂಡಿದ ಸೊಂಟನೋವಿಗೆ ಎಂ54.4ರ ಗುಂಪು. ಈ ಕೊನೆಯದರಲ್ಲಿ ಬಲಕ್ಕೆ 1, ಎಡಕ್ಕೆ 2. ಎರಡೂ ಕಾಲಿಗೆ ಎಳೆತವಿದ್ದರೆ ಜಂಟಿ ಕೋಡ್ ಇಲ್ಲದ ಕಾರಣ ಎಂ54.41 ಮತ್ತು ಎಂ54.42 ಎರಡನ್ನೂ ಕೊಡುತ್ತೇನೆ. ನೋವು ಹಳೆಯದೋ ಹೊಸದೋ ಎಂಬುದನ್ನು ಎಂ54.50 ಹೇಳುವುದಿಲ್ಲ. ವೈದ್ಯರು ದೀರ್ಘಕಾಲದ ನೋವೆಂದು ಬರೆದಿದ್ದರೆ ಜಿ89.29 ಜೊತೆಗಿರಬಹುದು.

ಹೆಚ್ಚು ಹೊತ್ತು ಹಿಡಿಯುವುದು ಮಾತ್ರ ತಪಾಸಣೆಗೂ ನಿರ್ಣಯಕ್ಕೂ ಹೊಂದಾಣಿಕೆಯಿಲ್ಲದ ಚಾರ್ಟ್. ಅಂಥದೊಂದರಲ್ಲಿ ಎಡಗಾಲನ್ನು ನೇರವಾಗಿ ಎತ್ತಿದಾಗ 45 ಡಿಗ್ರಿಯಲ್ಲೇ ನೋವು ಕಾಲಿಗಿಳಿಯುತ್ತದೆ, ಪಾದದ ಮೇಲ್ಭಾಗದಲ್ಲಿ ಜೋಮು ಇದೆ ಎಂದೆಲ್ಲ ವಿವರವಾಗಿ ಬರೆದು, ನಿರ್ಣಯದಲ್ಲಿ ಬರೀ "ಸೊಂಟನೋವು" ಎಂದಿತ್ತು. ನನ್ನೊಳಗಿನ ಫಿಸಿಯೋಥೆರಪಿಸ್ಟ್ ತೊಂದರೆ ಐದನೇ ಲಂಬಾರ್ (ಸೊಂಟದ) ನರಮೂಲದ್ದೆಂದು ಆಗಲೇ ಲೆಕ್ಕ ಹಾಕಿಯಾಗಿತ್ತು. ಕೋಡರ್ ಆಗಿ ನನ್ನ ಕೈಯಲ್ಲಿದ್ದುದು ಎಂ54.50 ಮಾತ್ರ. ವೈದ್ಯರಿಗೆ ಕ್ವೆರಿ, ಅಂದರೆ ಸ್ಪಷ್ಟನೆ ಕೇಳುವ ಲಿಖಿತ ಪ್ರಶ್ನೆ, ಕಳುಹಿಸಿದೆ. ಕ್ವೆರಿಯಲ್ಲಿ ಉತ್ತರವನ್ನು ಬಾಯಿಗಿಡುವ ಹಾಗಿಲ್ಲ; "ಇದು ಸಯಾಟಿಕಾ ತಾನೇ?" ಎಂದು ಕೇಳಿದರೆ ಆಡಿಟ್‌ನಲ್ಲಿ ನಿಲ್ಲುವುದಿಲ್ಲ. ಅವರೇ ದಾಖಲಿಸಿದ ಅಂಶಗಳನ್ನು ಯಥಾವತ್ತಾಗಿ ಉಲ್ಲೇಖಿಸಿ, ಇವುಗಳಿಗೆ ಸಂಬಂಧಿಸಿದ ನಿರ್ಣಯವಿದ್ದರೆ ತಿಳಿಸಿರಿ ಎಂದು ಕೇಳಿ, ಆಯ್ಕೆಗಳ ಸಾಲಿನಲ್ಲಿ "ಬೇರೆ" ಮತ್ತು "ಹೇಳಲಾಗದು" ಎಂಬವನ್ನೂ ಸೇರಿಸಿದೆ. ಉತ್ತರ ಬಾರದಿದ್ದರೆ ಎಂ54.50 ಹಾಕಿಯೇ ಚಾರ್ಟ್ ಮುಗಿಸಬೇಕು, ಅದರಲ್ಲಿ ಕೀಳೆನ್ನುವಂಥದ್ದೇನೂ ಇಲ್ಲ. ಆ ಭೇಟಿಯಲ್ಲಿ ತಿಳಿದಷ್ಟಕ್ಕೆ ಅದೇ ಸರಿಯಾಗಿದ್ದರೆ ಅನಿರ್ದಿಷ್ಟ ಕೋಡ್ ಬಳಸಬಹುದೆಂದು ಅಧಿಕೃತ ಮಾರ್ಗಸೂಚಿಯೇ ಹೇಳುತ್ತದೆ.

ಈ ಚಾರ್ಟ್‌ಗೆ ಉತ್ತರ ಬಂತು: ಎಡಬದಿಯ ಸಯಾಟಿಕಾ ಸಹಿತ ಸೊಂಟನೋವು. ಇಮೇಲ್‌ನಲ್ಲಿ ಬಂದ ಒಂದು ಸಾಲು ಸಾಲದು, ಅದು ಚಾರ್ಟ್‌ನಲ್ಲೇ ಅಡೆಂಡಮ್ (ನಂತರದ ಸೇರ್ಪಡೆ) ಆಗಿ ಸೇರಬೇಕು. ವೈದ್ಯರ ಸಹಿ ಮತ್ತು ದಿನಾಂಕದೊಡನೆ ಅದು ಸೇರಿದ್ದನ್ನು ನೋಡಿಕೊಂಡ ಮೇಲೆ ಎಂ54.50 ತೆಗೆದು ಎಂ54.42 ಹಾಕಿ ಕ್ಲೇಮ್ ಬಿಟ್ಟೆ.