ಜಾವಳಿ ಪ್ಲೇಟಿನ ಹೆಣ್ಣು ದನಿ: ನನ್ನ ಅನುಭವ

ಜಾವಳಿ ಅಂದರೆ ಚಿಕ್ಕ ಶೃಂಗಾರ ಹಾಡು. ಹಳೇ ಗ್ರಾಮೋಫೋನ್ ಪ್ಲೇಟಿನಲ್ಲಿ ಅದನ್ನು ಹಾಡಿದ ಹೆಂಗಸರದು ಕೀರಲು ದನಿ, ಅದರಲ್ಲೇನು ಶೃಂಗಾರ ಅಂತ ನಮ್ಮ ಗುಂಪಿನವರೇ ಹೇಳುತ್ತಿದ್ದರು. ತಪ್ಪು ದನಿಯದ್ದಲ್ಲ, ಸ್ಪೀಡಿನದ್ದು ಅಂದೆ. ಯಾರೂ ಒಪ್ಪಲಿಲ್ಲ. ಈಗ ಅವರೇ ಪ್ಲೇಟು ಹಿಡಿದು ನನ್ನ ಮನೆಗೆ ಬರುತ್ತಾರೆ.

ಹೆಸರಿಗೆ ನಿಮಿಷಕ್ಕೆ 78 ಸುತ್ತು, ಆದರೆ ಶುರುವಿನ ಪ್ಲೇಟುಗಳೆಲ್ಲ ಅದೇ ಸ್ಪೀಡಿನವಲ್ಲ. ಸೆಕೆಂಡ್‌ಹ್ಯಾಂಡ್ ಟರ್ನ್‌ಟೇಬಲ್‌ಗೆ ಹದಿನಾಲ್ಕು ಸಾವಿರ ಹೋಯಿತು. ಸ್ಪಿರಿಟ್ ಹಾಕಿ ಒರೆಸಿದ ಮೊದಲ ಪ್ಲೇಟಿನ ಅರಗು ಕರಗಿ ಸುಮಾರು ಒಂಬೈನೂರು ರೂಪಾಯಿ ಮಣ್ಣುಪಾಲು. ಆಮೇಲೆ ಸರಿಯಾದ ಸ್ಪೀಡು ಹಿಡಿಯಲು, ಹಾಡಿನ ಹಿಂದೆ ಕೇಳುವ ಹಾರ್ಮೋನಿಯಂ ಅನ್ನು ಇವತ್ತಿನ ಶ್ರುತಿಪೆಟ್ಟಿಗೆಗೆ ಹೊಂದಿಸಿ ನಲವತ್ತು ಸೈಡು ಮುಗಿಸಿದೆ. ಆ ಹಾರ್ಮೋನಿಯಂನ ಶ್ರುತಿಯೇ ಬೇರೆ! ಆರು ತಿಂಗಳ ಕೆಲಸ ಅಷ್ಟೂ ಹೋಯಿತು. ನಡುವೆ ಲೋಹದ ಸೂಜಿ ಬಿಟ್ಟು ಜಾಲಿ ಮುಳ್ಳಲ್ಲೂ ನುಡಿಸಿ ನೋಡಿದೆ. ಕರಕರ ಕಡಿಮೆ, ಮಾತೂ ಮಸುಕು.

ದಾರಿ ಸಿಕ್ಕಿದ್ದು ಹಾಡು ಮುಗಿದ ಮೇಲೆ. 1902ರಲ್ಲಿ ಕಲ್ಕತ್ತದಲ್ಲಿ ರೆಕಾರ್ಡ್ ಆದ ಗಾಯಕಿ ಗೌಹರ್ ಜಾನ್ ಹಾಡಿನ ಕೊನೆಗೆ ತಮ್ಮ ಹೆಸರು ಹೇಳುತ್ತಾರಲ್ವಾ? ಪ್ಲೇಟು ಅಚ್ಚಾಗುತ್ತಿದ್ದದ್ದು ಜರ್ಮನಿಯ ಹ್ಯಾನೋವರ್‌ನಲ್ಲಿ, ಅಲ್ಲಿನವರಿಗೆ ಯಾರ ಹಾಡು ಅಂತ ತಿಳಿಯಬೇಕಿತ್ತು. ನನ್ನ ಹತ್ತಿರದ ಖಮಾಚ್ ರಾಗದ ಜಾವಳಿ ಪ್ಲೇಟಿನ ಕೊನೆಯಲ್ಲೂ ಹಾಗೇ ಎರಡು ಮಾತಿದೆ. ಸ್ಪೀಡು ಬದಲಿಸುತ್ತ ಮೊದಲು ಆ ಮಾತನ್ನು ಸಹಜ ಮಾಡಿಕೊಂಡೆ, ಶ್ರುತಿ ಆಮೇಲೆ. ಚರಣದಲ್ಲಿ ಇನ್ನೊಂದು ಗುರುತು ನೋಡುತ್ತೇನೆ, ಅದನ್ನು ಸದ್ಯಕ್ಕೆ ಹೇಳಲ್ಲ.

ಸ್ಪೀಡು 72ರ ಹತ್ತಿರ ಬಂದಾಗ ಮೈ ಜುಮ್ಮೆಂದಿತು. ಗೊಂಬೆ ದನಿ ಹೋಗಿ, ನಲವತ್ತು ದಾಟಿದ ಹೆಂಗಸೊಬ್ಬಳು ಪಕ್ಕದಲ್ಲೇ ಕೂತು ಹಾಡಿದ ಹಾಗಾಯಿತು. ಹಾಡಿನವಳು ಇನ್ನೊಬ್ಬನ ಹೆಂಡತಿ, ನೆರೆಯವರು ನೋಡುವ ಮುಂಚೆ ಬಾ ಅಂತ ಕರೆಯುತ್ತಾಳೆ. ನಾಚಿಕೆ ಇಲ್ಲ, ಬೇಡಿಕೆಯೂ ಅಲ್ಲ, ಅಧಿಕಾರದ ಮಾತು. ಪದ ಅನ್ನುವ ಇನ್ನೊಂದು ಬಗೆಯ ಶೃಂಗಾರ ಹಾಡು ನಿಧಾನದ್ದು, ಮೂರು ನಿಮಿಷದ ಪ್ಲೇಟಿಗೆ ಹಿಡಿಸಲ್ಲ. ಜಾವಳಿ ಚಿಕ್ಕದು, ಚುರುಕು, ಸರಿಯಾಗಿ ಕೂತಿತು. ಮನೆತನದ ಹೆಂಗಸರು ರೆಕಾರ್ಡಿಂಗ್ ಕೊಳವೆ ಮುಂದೆ ಬರಲಿಲ್ಲ, ದೇವದಾಸಿಯರೂ ಉತ್ತರದ ವೃತ್ತಿಗಾಯಕಿಯರಾದ ತವಾಯಿಫ್‌ಗಳೂ ಬಂದರು. ಗಾಯಕಿ ಬೆಂಗಳೂರು ನಾಗರತ್ನಮ್ಮ 1910ರಲ್ಲಿ ಅಚ್ಚು ಹಾಕಿಸಿದ, ಕವಯಿತ್ರಿ ಮುದ್ದುಪಳನಿಯ ತೆಲುಗು ಶೃಂಗಾರ ಕಾವ್ಯಕ್ಕೆ ಮರುವರ್ಷವೇ ನಿಷೇಧ, ತೆರವಾದದ್ದು 1947ರಲ್ಲಿ. ಅಷ್ಟೂ ಕಾಲ ಜಾವಳಿ ಪ್ಲೇಟು ಅಂಗಡಿಯಲ್ಲಿ ಮಾರಾಟವಾಗುತ್ತಲೇ ಇತ್ತು.

ಹೋದ ತಿಂಗಳು ಇದನ್ನು ಜಾವಳಿ ಕಲಿತ ಅಜ್ಜಿಯೊಬ್ಬರಿಗೆ ಕೇಳಿಸಿದೆ. ಕಣ್ಣು ಮುಚ್ಚಿ ಮೂರು ಸಲ ಕೇಳಿದರು. ನಾನು ಬರೆದುಕೊಂಡಿದ್ದ ಸಾಹಿತ್ಯದಲ್ಲಿ ಒಂದು ಮಾತು ತಿದ್ದಿದರು. ನಾನು "ಬರುವೆಯಾ" ಅಂತ ಬರೆದಿದ್ದೆ, ಅಲ್ಲಿರೋದು "ಬಾರೋ".