ಹೊಸ ಗೋಡೆಗೆ ವಯಸ್ಸು ಬರಿಸುವ ಕೆಲಸ

ನನ್ನೂರು ಕೊಪ್ಪಳ, ಕೆಲಸ ಸಿನಿಮಾದಲ್ಲಿ ಪ್ರೊಡಕ್ಷನ್ ಡಿಸೈನರ್. ಕೈ ಪಳಗಿದ್ದು ನಾಟಕ ಕಂಪನಿಗೆ ಪರದೆ ಬರೆಯುವವರ ಹತ್ತಿರ. ಅರಮನೆ, ಕಾಡು, ಬೀದಿ ಎಲ್ಲಾ ಬಟ್ಟೆ ಮೇಲೆ, ಅಂಟು ಕಲಸಿದ ಪುಡಿ ಬಣ್ಣದಲ್ಲಿ. ಪರದೆಯನ್ನು ಜನ ದೂರದಿಂದ ನೋಡುತ್ತಾರೆ. ಕ್ಯಾಮೆರಾ ಗೋಡೆಗೆ ಮೂಗು ಹಚ್ಚಿ ನೋಡುತ್ತದೆ. ಸಿನಿಮಾಕ್ಕೆ ಬಂದ ಮೇಲೆ ಕಲಿಯಬೇಕಾಗಿ ಬಂದದ್ದು ಇದನ್ನೇ.

ಪ್ರೊಡಕ್ಷನ್ ಡಿಸೈನರ್ ಅಂದರೆ ಸೆಟ್ ಹಾಕಿಸುವವರು ಅಂತ ಊರಲ್ಲಿ ಈಗಲೂ ಅಂದುಕೊಂಡಿದ್ದಾರೆ. ಸೆಟ್ ಅದರಲ್ಲಿ ಒಂದು ಪಾಲು, ಅಷ್ಟೇ. ಕಿಟಕಿ ಯಾವ ಕಡೆ ಬರಬೇಕು, ನಾಯಕಿಯ ಸೀರೆ ಆ ಗೋಡೆಗೆ ಹೊಂದುತ್ತದಾ, ಇದೆಲ್ಲ ನಿರ್ದೇಶಕರು, ಛಾಯಾಗ್ರಾಹಕರ ಜೊತೆ ಕೂತು ತೀರ್ಮಾನಿಸಬೇಕು. 1939ರ 'ಗಾನ್ ವಿತ್ ದ ವಿಂಡ್' ಚಿತ್ರಕ್ಕೆ ಹೀಗೆ ದುಡಿದ ವಿಲಿಯಂ ಕ್ಯಾಮರಾನ್ ಮೆಂಝೀಸ್ ಅವರಿಂದ ಈ ಹೆಸರು ಚಾಲ್ತಿಗೆ ಬಂತು.

ಒಂದು ಚಿತ್ರಕ್ಕೆ ನಮ್ಮ ಕಡೆಯ ಹಳೇ ಮಾಳಿಗೆ ಮನೆ, ಅಂದರೆ ಮಣ್ಣಿನ ಗೋಡೆ, ಜಂತಿ ಮೇಲೆ ಮಣ್ಣು ಹಾಸಿದ ಚಾವಣಿಯ ಮನೆ ಬೇಕಿತ್ತು. ಆನೆಗೊಂದಿ, ಕಿನ್ನಾಳ ಕಡೆ ಅಡ್ಡಾಡಿ ಅಂಥ ಮನೆಗಳ ಅಳತೆ ತೆಗೆದುಕೊಂಡೆ. ಅಲ್ಲೇ ಶೂಟಿಂಗ್ ಮಾಡೋಣ ಅಂದರೆ ಪಡಸಾಲೆ ಇಕ್ಕಟ್ಟು. ಕ್ಯಾಮೆರಾ, ಲೈಟು, ಜನ ಹಿಡಿಯಲ್ಲ. ಹಾಗಾಗಿ ರೀಪರ್ (ತೆಳು ಮರದ ಪಟ್ಟಿ) ಚೌಕಟ್ಟಿಗೆ ಪ್ಲೈವುಡ್ ಹೊಡೆದು ಗೋಡೆ ನಿಲ್ಲಿಸಿದೆವು. ಬೇಕಾದಾಗ ಒಂದು ಗೋಡೆ ಕಳಚಿಟ್ಟು ಕ್ಯಾಮೆರಾ ಹಿಂದಕ್ಕೆ ಸರಿಸಬಹುದು.

ಪ್ಲೈವುಡ್ ಮೇಲೆ ಮಣ್ಣು ನಿಲ್ಲಲ್ಲ. ಗೋಣಿತಟ್ಟು ಬಿಗಿದು, ಅದರ ಮೇಲೆ ಮಣ್ಣು, ಹೊಟ್ಟು, ಫೆವಿಕಾಲ್ ಕಲಸಿ ಕೈಯಿಂದಲೇ ಮೆತ್ತಿಸಿದೆ. ಕರಣೆ ಮುಟ್ಟಲು ಬಿಡಲಿಲ್ಲ. ಕರಣೆ ಆಡಿಸಿದರೆ ಗೋಡೆ ಸಪಾಟಾಗಿ ಸಿಮೆಂಟಿನದರ ಹಾಗೆ ಕಾಣುತ್ತದೆ.

ಆಮೇಲೆ ವಯಸ್ಸು ಬರಿಸುವುದು. ನನಗೆ ಜಾಸ್ತಿ ಇಷ್ಟವಾದ ಕೆಲಸ ಇದು. ಸುಮ್ನೆ ಕಪ್ಪು ಬಳಿದರೆ ಗೋಡೆ ಕೊಳಕಾಗುತ್ತದೆ, ಹಳೇದಾಗಲ್ಲ. ಆ ಮನೆಯಲ್ಲಿ ಯಾರು ಎಲ್ಲಿ ಕೂರುತ್ತಿದ್ದರು ಅಂತ ಮೊದಲು ಬರೆದುಕೊಳ್ಳುತ್ತೇನೆ. ಅಜ್ಜಿ ಒರಗುವ ಕಡೆ ತಲೆ ಎಣ್ಣೆಯ ಕಲೆ ಬೇಕು, ಅದೂ ಕೂತವರ ತಲೆಯ ಎತ್ತರಕ್ಕೇ. ದೀಪದ ಗೂಡಿನ ಮೇಲೆ ಮಸಿ, ಬುಡದಲ್ಲಿ ದಟ್ಟ, ಮೇಲೇರಿದಂತೆ ತೆಳು. ಬಾಗಿಲಲ್ಲಿ ಕೈ ಹಿಡಿಯುವ ಜಾಗ ನುಣುಪಾಗಿರಬೇಕು. ಹೊಸ ಪಂಚೆಯ ಬಿಳುಪು ಕಣ್ಣಿಗೆ ಹೊಡೆಯುತ್ತದೆ ಅಂತ ಟೀ ಡಿಕಾಕ್ಷನ್‌ನಲ್ಲಿ ಅದ್ದಿ ಒಣಗಿಸಿದೆವು.

ದೇವರ ಮನೆಯ ಮೂರ್ತಿಗಳನ್ನು ಫೈಬರ್‌ನಲ್ಲಿ ಮಾಡಿಸಿದರೆ ಬೇಗ ಆಗುತ್ತದೆ ಅಂದರು. ನಾನು ಒಪ್ಪಲಿಲ್ಲ. ಪಕ್ಕದಲ್ಲೇ ಕಿನ್ನಾಳ ಇದೆ ಅಲ್ವಾ? ಅಲ್ಲಿನ ಚಿತ್ರಗಾರರು ಹಗುರ ಮರದಲ್ಲಿ ಮೂರ್ತಿ ಕೆತ್ತಿ, ಭಾಗಗಳನ್ನು ಹುಣಸೆ ಅಂಟಿನಿಂದ ಕೂಡಿಸಿ, ಸೆಣಬಿನ ನಾರಿನ ಪುಡಿಯನ್ನು ಹುಣಸೆ ಬೀಜದ ಅಂಟಿನಲ್ಲಿ ಕಲಸಿದ ಕಿಟ್ಟವನ್ನು ಅದರ ಮೈಗೆಲ್ಲ ಮೆತ್ತುತ್ತಾರೆ. ಒಡವೆಗಳನ್ನು ಉಬ್ಬಾಗಿ ಮೂಡಿಸುತ್ತಾರೆ. ದೀಪ ಹಚ್ಚಿದಾಗ ಆ ಉಬ್ಬಿನ ಪಕ್ಕ ಸಣ್ಣ ನೆರಳು ಬೀಳುತ್ತದೆ. ಕ್ಲೋಸಪ್‌ನಲ್ಲಿ ನನಗೆ ಬೇಕಿದ್ದದ್ದು ಆ ನೆರಳು.

ಈ ಕೆಲಸಕ್ಕೆ ಬರುವುದು ಹೇಗೆ ಅಂತ ನಮ್ಮ ಕಡೆಯ ಹುಡುಗರು ಕೇಳುತ್ತಾರೆ. ಪುಣೆಯ ಸಿನಿಮಾ ಶಾಲೆ ಎಫ್‌ಟಿಐಐನಲ್ಲಿ ಇದಕ್ಕೇ ಕೋರ್ಸ್ ಇದೆ, ಸಾಧ್ಯವಾದರೆ ಹೋಗಿ. ಅದಕ್ಕೂ ಮೊದಲು ಒಂದು ಟೇಪು, ಒಂದು ನೋಟ್‌ಬುಕ್ ಹಿಡಿದು ಊರಿನ ಹಳೇ ಮನೆಗಳಿಗೆ ಹೋಗಿ. ಬಾಗಿಲ ಎತ್ತರ, ಗೂಡಿನ ಆಳ, ಜಂತಿಗಳ ನಡುವಿನ ಅಂತರ ಬರೆದುಕೊಳ್ಳಿ. ಆರ್‌ಸಿಸಿ ಹಾಕಿಸಲು ಒಂದೊಂದೇ ಮಾಳಿಗೆ ಕೆಡವುತ್ತಿದ್ದಾರೆ. ಈ ಬೇಸಿಗೆಯಲ್ಲೇ ಶುರು ಮಾಡಿ.